ಜರ್ಮನಿಯ ಬ್ಯಾಂಕೂ ಹೊನ್ನೂರಿನ ಚಿಕ್ಕನಿಂಗಮ್ಮನೂ

ಚಿಕ್ಕನಿಂಗಮ್ಮನವರಿಗೆ ದೇಶಗಳು ಗೊತ್ತಿಲ್ಲ. ಆ ದೇಶಗಳ ಬ್ಯಾಂಕುಗಳು ಗೊತ್ತು. ಜಪಾನು ಭೂಪಟದಲ್ಲಿ ಎಲ್ಲಿದೆ ಎಂದು ಕೇಳಿದರೆ ಎಳ್ಳಷ್ಟೂ ಸಂಕೋಚವಿಲ್ಲದೆ "ಅದ್ಯಾಕ ಸಾ ನಂಗೆ" ಎಂದುಬಿಡುತ್ತಾರೆ. ಆದರೆ ಜಪಾನಿನ ಬ್ಯಾಂಕು ಎಂಥ ಕಾಗದ ಕಂಡರೆ ಹುಬ್ಬು ಗಂಟಿಕ್ಕುತ್ತದೆ, ಇಟಲಿಯ ಬ್ಯಾಂಕು ಎಷ್ಟು ದಿನ ಬಾಯಿ ಬಿಡದೆ ಕೂತಿರುತ್ತದೆ, ದುಬೈನ ಬ್ಯಾಂಕು ಯಾವ ತಿಂಗಳಲ್ಲಿ ಆಕಳಿಸುತ್ತಿರುತ್ತದೆ ಎಂಬುದನ್ನು ತಮ್ಮ ಓರಗಿತ್ತಿಯರ ಗುಣಾವಗುಣಗಳನ್ನು ಹೇಳಿದಷ್ಟು ಸಲೀಸಾಗಿ ಹೇಳುತ್ತಾರೆ. ಕೊಳ್ಳೇಗಾಲದಿಂದ ಯಳಂದೂರಿಗೆ ಹೋಗುವ ದಾರಿಯ ಒಂದು ಕರಿಕಲ್ಲಿನ ಕಾರ್ಖಾನೆಯಲ್ಲಿ, ಕಲ್ಲು ಕೊಯ್ಯುವ ಯಂತ್ರದ ಕರ್ಕಶ ನಾದವನ್ನು ಒಂದು ಗಾಜಿನ ಬಾಗಿಲಿನಿಂದ ಅರ್ಧಕ್ಕೆ ತಡೆದಿರುವ ಸಣ್ಣ ಕೋಣೆಯೊಳಗೆ ಕೂತು, ಸಪ್ತಸಾಗರದಾಚೆಯ ಲೇವಾದೇವಿಯ ಮರ್ಮವನ್ನು ಅರಿತ ಈ ಹೆಂಗಸು ಹೊನ್ನೂರಿನಿಂದ ದಿನಾ ಬೆಳಿಗ್ಗೆ ಷೇರ್ ಆಟೋದಲ್ಲಿ ಬರುತ್ತಾರೆ. ಅವರು ನೋಡಿರುವ ಅತ್ಯಂತ ದೂರದ ಊರು ಚೆನ್ನೈ, ಅದೂ ಒಂದೇ ಸಲ.

ನಾನು ಕೊಳ್ಳೇಗಾಲದ ಕಾಲೇಜಿನಲ್ಲಿ ಇಪ್ಪತ್ತಾರು ವರ್ಷ ವಾಣಿಜ್ಯಶಾಸ್ತ್ರ ಹೇಳಿ ನಿವೃತ್ತನಾದವನು. ಕೊನೆಯ ವರ್ಷದವರಿಗೆ ವಿದೇಶಿ ಬ್ಯಾಂಕಿಂಗ್ ಎಂಬ ಪಾಠವೊಂದಿತ್ತು. ಅದನ್ನು ನಾನು ನನ್ನ ಗುರುಗಳ ಟಿಪ್ಪಣಿಯಿಂದ ಓದಿ ಬರೆಸುತ್ತಿದ್ದೆ, ವಿದ್ಯಾರ್ಥಿಗಳು ಬರೆದುಕೊಂಡು ಪರೀಕ್ಷೆಯಲ್ಲಿ ನನಗೇ ತಿರುಗಿ ಒಪ್ಪಿಸುತ್ತಿದ್ದರು. ಹೀಗೆ ಆ ಪಾಠ ಯಾರ ತಲೆಯನ್ನೂ ಹೊಗದೆ, ಯಾರಿಗೂ ತೊಂದರೆ ಕೊಡದೆ, ಕೈಯಿಂದ ಕೈಗೆ ದಾಟುತ್ತ ಬಂತು. "ಬ್ಯಾಂಕುಗಳು ದಸ್ತಾವೇಜುಗಳೊಡನೆ ವ್ಯವಹರಿಸುತ್ತವೆ, ಸರಕುಗಳೊಡನೆ ಅಲ್ಲ" ಎಂಬ ವಾಕ್ಯವನ್ನು ನಾನು ಸಾವಿರ ಸಲವಾದರೂ ಉಚ್ಚರಿಸಿರಬೇಕು. ಅದರ ಅರ್ಥ ತಿಳಿಯಲು ನಿವೃತ್ತಿಯಾಗಿ, ಮನೆಯ ಅಡಿಗೆಕಟ್ಟೆಗೆ ಕಲ್ಲು ಕೊಳ್ಳಲು ಹೋಗಬೇಕಾಯಿತು.

ಕಲ್ಲು ಆರಿಸಿ ರಸೀದಿ ಬರೆಸಲು ಆ ಗಾಜಿನ ಕೋಣೆಗೆ ಹೋದಾಗ, ಸೀರೆಯ ಮೇಲೆ ಗಂಡಸಿನ ತುಂಬುತೋಳಿನ ಅಂಗಿ ತೊಟ್ಟ, ಐವತ್ತು ದಾಟಿದ ಹೆಂಗಸೊಬ್ಬರು ಒಂದು ಕಾಗದದ ಮೇಲೆ ಸ್ಟೀಲಿನ ಅಡಿಪಟ್ಟಿಯನ್ನಿಟ್ಟು, ಒಂದೊಂದೇ ಸಾಲನ್ನು ಬಿಟ್ಟುಕೊಡುತ್ತ, ತುಟಿಯಾಡಿಸಿ ಓದುತ್ತಿದ್ದರು. ನಾನು ಬಂದದ್ದನ್ನು ಕಂಡರೂ ಆ ಸಾಲು ಮುಗಿಯುವವರೆಗೆ ತಲೆ ಎತ್ತಲಿಲ್ಲ. ಆಮೇಲೆ ನನ್ನ ಸಹಿಯನ್ನು ನೋಡಿ, ಮುಂಗಡ ಕೊಟ್ಟ ದಿನದ ಚೀಟಿಯನ್ನು ಪಕ್ಕಕ್ಕಿಟ್ಟು, "ಆವತ್ತು ಕೆಳಗೊಂದು ಗೆರೆ ಎಳ್ದಿದ್ರಿ, ಇವತ್ತು ಎಳ್ದಿಲ್ಲ" ಎಂದರು. ಗೆರೆಯಲ್ಲೇನಿದೆ, ನಾನೇ ಎದುರಿಗೆ ನಿಂತಿದ್ದೇನಲ್ಲ ಎಂದೆ. "ನೀವು ನಿಂತಿರಾದು ನಂಗೆ ಕಾಣ್ತದೆ. ಪೇಪರ್‌ಗೆ ಕಾಣಾಕಿಲ್ವಲ್ಲ" ಎಂದರು. ಮೊದಲು ನಗು ಬಂತು, ಆಮೇಲೆ ಸಿಟ್ಟು ಬಂತು, ಮನೆ ಮುಟ್ಟುವ ಹೊತ್ತಿಗೆ ಅದು ಕುತೂಹಲವಾಗಿ ಮಾರ್ಪಟ್ಟಿತ್ತು. ಮಾರನೆಯ ದಿನ ಕಲ್ಲಿನ ಅಂಚು ಸರಿಯಿಲ್ಲ ಎಂಬ ಸುಳ್ಳು ನೆವ ಹೂಡಿ ಮತ್ತೆ ಹೋದೆ.

ಆ ಅಂಗಿಯನ್ನು ಕುರಿತು ನಾನು ಮನಸ್ಸಿನಲ್ಲೇ ಒಂದು ಕರುಣರಸದ ಕಥೆ ಕಟ್ಟಿಬಿಟ್ಟಿದ್ದೆ: ತೀರಿಹೋದ ಗಂಡನ ನೆನಪಿನ ವಸ್ತ್ರ, ಇತ್ಯಾದಿ. ಗಂಡ ಹೇಗೆ ತೀರಿಕೊಂಡರು ಎಂದು ಒಂದು ದಿನ ಮೆಲ್ಲಗೆ ಕೇಳಿಯೂಬಿಟ್ಟೆ. "ಅಯ್ಯೋ ನಿಮ್ಮ, ಮನೇಲಿ ಟಿವಿ ನೋಡ್ತಾ ಕುಂತವ್ನೆ ಕಣ್ರಿ" ಎಂದು ಅವರು ಮೇಜಿನ ಮೇಲೆ ತಲೆಯಿಟ್ಟು ನಕ್ಕರು. ನಮ್ಮ ಕಡೆ ಗದ್ದೆಯಲ್ಲೂ ಕಲ್ಲುಕೋರೆಯಲ್ಲೂ ದುಡಿಯುವ ಹೆಂಗಸರು ಬಿಸಿಲಿಗೆ, ದೂಳಿಗೆ ಹಾಗೆ ಅಂಗಿ ತೊಡುವುದು ವಾಡಿಕೆ. ಅದನ್ನು ಹುಟ್ಟಿದಾರಭ್ಯ ಕಂಡಿದ್ದೂ ನನಗೆ ಹೊಳೆಯಲಿಲ್ಲ. ಚಿಕ್ಕನಿಂಗಮ್ಮನವರು ಈ ಕಾರ್ಖಾನೆಗೆ ಬಂದದ್ದು ಕಲ್ಲಿಗೆ ಹೊಳಪು ಕೊಡುವ ಕೂಲಿಯಾಗಿ. ಎಸ್ಸೆಸ್ಸೆಲ್ಸಿಯಲ್ಲಿ ಇಂಗ್ಲಿಷೊಂದು ಬಿಟ್ಟು ಉಳಿದದ್ದೆಲ್ಲ ಪಾಸು. ಹಲಗೆಗಲ್ಲುಗಳ ಮೇಲೆ ನಂಬರು ಬರೆಯುವ ಕೆಲಸಕ್ಕೆ ಹಾಕಿದ್ದಾಗ, ಗುಮಾಸ್ತನ ಪಟ್ಟಿಯಲ್ಲಿ ನಲವತ್ತೆರಡು ಎಂದಿದ್ದ ಕಡೆ ಪೆಟ್ಟಿಗೆಯಲ್ಲಿರುವುದು ನಲವತ್ತೊಂದೇ ಎಂದು ಹಿಡಿದರಂತೆ. ಕಾರ್ಖಾನೆ ಕಟ್ಟಿದ ಹಿರಿಯ ಯಜಮಾನರು, ದೊಡ್ಡಮಾದಪ್ಪನವರು, "ಈ ಹೆಣ್ಣುಮಗಳನ್ನ ಒಳಕ್ಕೆ ಕೂರ್ಸಿ" ಎಂದರು. ಒಳಗೆ ಬಂದು ಇಪ್ಪತ್ತನಾಲ್ಕು ವರ್ಷವಾಯಿತು. ಹೊರಗಿನ ಅಂಗಿ ಮಾತ್ರ ಹಾಗೇ ಇದೆ. ಅದರ ಜೇಬಿನಲ್ಲಿ ನಾಲ್ಕು ಬಣ್ಣದ ಪೆನ್ನು, ಬೆನ್ನಿಗೆ ಫ್ಯಾನಿನ ಗಾಳಿ.

ಅವರ ನಡಿಗೆಯೂ ಒಂದು ನೋಡತಕ್ಕ ಸಂಗತಿ. ಅಂಗಳದಲ್ಲಿ ಸಾಲಾಗಿ ನಿಲ್ಲಿಸಿದ ಹಲಗೆಗಲ್ಲುಗಳ ನಡುವೆ ಒಂದು ಹೆಜ್ಜೆಯ ಮುಂದೆ ಇನ್ನೊಂದನ್ನು ಹಿಮ್ಮಡಿ ತಾಗುವಂತೆ ಇಟ್ಟು ನಡೆದು ನಡೆದು, ಈಗ ವಿಶಾಲವಾದ ರಸ್ತೆಯಲ್ಲೂ ಹಾಗೇ ನಡೆಯುತ್ತಾರೆ. ಊರಿನಲ್ಲಿ ಅವರಿಗೆ ಹೆದರದವರಿಲ್ಲ. ಅವರ ತಂಗಿಯ ಮಗಳಿಗೆ ಒಂದು ಸಂಬಂಧ ಬಂತು. ಹುಡುಗನಿಗೆ ಮೈಸೂರಿನಲ್ಲಿ ಸ್ವಂತ ಮನೆ ಇದೆ ಎಂದು ಮದುವೆ ಮಾಡಿಸುವವನು ಬಣ್ಣಿಸುತ್ತಿದ್ದರೆ, ಇವರು ಕಾಫಿ ಲೋಟ ಕೆಳಗಿಟ್ಟು, "ಕಂದಾಯದ ರಸೀದಿ ತಂದಿದೀರಾ" ಎಂದರಂತೆ. ಅವನು ಇವತ್ತಿಗೂ ಹೊನ್ನೂರಿನ ಆ ಬೀದಿಗೆ ಕಾಲಿಟ್ಟಿಲ್ಲ.

ವಿದೇಶಿ ಬ್ಯಾಂಕಿಂಗನ್ನು ನಾನು ಕಲಿತದ್ದು ಆ ಕೋಣೆಯ ಪ್ಲಾಸ್ಟಿಕ್ ಕುರ್ಚಿಯಲ್ಲಿ, ಅವರ ಮಧ್ಯಾಹ್ನದ ಊಟದ ಬಿಡುವಿನಲ್ಲಿ. ಕಥೆ ಸರಳವಾದದ್ದು. ಜರ್ಮನಿಯಲ್ಲಿ ಸಮಾಧಿಗೆ ನಿಲ್ಲಿಸಲು ನಮ್ಮ ಕರಿಕಲ್ಲು ಬೇಕು. ಕೊಳ್ಳುವವನಿಗೆ ಕಲ್ಲು ಕಾಣದೆ ಹಣ ಕಳಿಸಲು ಭಯ. ಮಾರುವವನಿಗೆ ಹಣ ಕಾಣದೆ ಕಲ್ಲು ಕಳಿಸಲು ಭಯ. ಆಗ ಕೊಳ್ಳುವವನ ಬ್ಯಾಂಕು ನಡುವೆ ನಿಂತು, 'ಇಂತಿಂಥ ಕಾಗದಗಳನ್ನು ಇಂಥ ತಾರೀಖಿನೊಳಗೆ ತೋರಿಸಿದರೆ ಹಣ ನಾನು ಕೊಡುತ್ತೇನೆ' ಎಂದು ಒಂದು ಪತ್ರ ಬರೆದುಕೊಡುತ್ತದೆ. ಕಾರ್ಖಾನೆಯಲ್ಲಿ ಅದನ್ನು ಎಲ್‌ಸಿ ಎನ್ನುತ್ತಾರೆ. ಕಲ್ಲು ಹಡಗು ಹತ್ತಿತು ಎಂದು ಹಡಗಿನವರು ಕೊಡುವ ಚೀಟಿ, ಪೆಟ್ಟಿಗೆಗಳ ಪಟ್ಟಿ, ವಿಮೆ, ಹೀಗೆ ಏಳೆಂಟು ಕಾಗದಗಳು ಕೊಳ್ಳೇಗಾಲದ ಬ್ಯಾಂಕಿನ ಮೂಲಕ ಅಲ್ಲಿಗೆ ಹೋಗುತ್ತವೆ. ಅಲ್ಲಿಯ ಬ್ಯಾಂಕು ಕಲ್ಲನ್ನು ನೋಡುವುದಿಲ್ಲ, ಹಡಗನ್ನು ನೋಡುವುದಿಲ್ಲ. ಐದು ದಿನ ಕಾಗದಗಳನ್ನು ಮಾತ್ರ ನೋಡುತ್ತದೆ. ಎತ್ತು ಈಯಿತು ಎಂದು ಕಾಗದದಲ್ಲಿದ್ದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಜಾತಿ ಅದು.

ನಮ್ಮ ಬ್ಯಾಂಕಿಗೆ ಅಲ್ಲಿ ಶಾಖೆಯಿಲ್ಲದಿದ್ದರೆ ವ್ಯವಹಾರ ಹೇಗೆ ಎಂದು ಕೇಳಿದೆ. ಅದಕ್ಕೆ ನನ್ನ ಟಿಪ್ಪಣಿಯಲ್ಲಿ ಒಂದೂವರೆ ಪುಟದ ಉತ್ತರವಿತ್ತು. ಅವರದು ಹೀಗಿತ್ತು: "ಬೀಗರ ಮನೆ ಇಲ್ವಾ ಮೇಷ್ಟ್ರೇ? ನಮ್ಮ ಬ್ಯಾಂಕು ಅಲ್ಲಿ ಓದಾಗ ಅವ್ರ ಮನೇಲಿ ಇಳ್ಕತದೆ. ಅವ್ರ ಬ್ಯಾಂಕು ಇಲ್ಲಿ ಬಂದಾಗ ನಮ್ಮನೇಲಿ. ಉಪಚಾರ ಚೆನ್ನಾಗೇ ಮಾಡ್ತಾರೆ, ಉಂಡಿದ್ಕೆಲ್ಲ ಲೆಕ್ಕ ಮಡಗಿರ್ತಾರೆ, ಅಷ್ಟೇಯ." ಕೆಲವು ಬ್ಯಾಂಕುಗಳು ಪರದೇಶದಲ್ಲಿ ಸ್ವಂತ ಮನೆಯನ್ನೇ ಹೂಡುತ್ತವಲ್ಲ ಎಂದೆ. "ಹೂಡ್ತವೆ. ಹೂಡಿ ಮೊದ್ಲು ಯಾರ ಬಾಗ್ಲು ತಟ್ತವೆ? ತಮ್ಮೂರಿಂದ ಓಗಿರೋರ ಬಾಗ್ಲೇಯ. ಮಧುವನಹಳ್ಳಿಯೋನು ದೂರ್ದೂರಲ್ಲಿ ಓಟ್ಲು ಇಕ್ಕುದ್ರೆ ಮೊದ್ಲು ಉಣ್ಣಕೆ ಬರಾದು ಮಧುವನಹಳ್ಳಿಯೋರೇ. ಆ ಊರ ಜನ ಬರಕೆ ಸುರು ಮಾಡುದ್ರೆ ಮಾತ್ರ ಓಟ್ಲು ನಿಲ್ತು ಅಂತ ಅರ್ಥ." ಆವತ್ತು ನಾನು ಮನೆಗೆ ಹೋಗಿ ನನ್ನ ಹಳೆಯ ಟಿಪ್ಪಣಿಯನ್ನು ರದ್ದಿಗೆ ಹಾಕಿದೆ.

ಅವರ ಬಳಿ ಇನ್ನೊಂದು ಗುಪ್ತ ವಿದ್ಯೆಯಿತ್ತು. ವಿದೇಶಿ ಬ್ಯಾಂಕುಗಳು ಕಾಗದದಲ್ಲಿ ತಪ್ಪು ಹಿಡಿದು ಕಳಿಸಿದ ತಕರಾರುಗಳನ್ನೆಲ್ಲ ಅವರು ಹರಿದೆಸೆಯದೆ ದೇಶವಾರು ಕಡತಗಳಲ್ಲಿ ಇಟ್ಟಿದ್ದರು. ಅವುಗಳನ್ನು ವರ್ಷಗಟ್ಟಲೆ ತಿರುವಿ ಒಂದು ಸೂಕ್ಷ್ಮವನ್ನು ಕಂಡುಕೊಂಡಿದ್ದರು. ಗಿರಾಕಿಯನ್ನು ಸೆಳೆಯಲು ಪೈಪೋಟಿಯಲ್ಲಿ ಅತ್ಯಂತ ಕಡಿಮೆ ಶುಲ್ಕ ಹೇಳುವ ಬ್ಯಾಂಕೇ ಕಾಗದದಲ್ಲಿ ಅತ್ಯಂತ ಹೆಚ್ಚು ತಪ್ಪು ಹುಡುಕುತ್ತದೆ. ಏಕೆಂದರೆ ಪ್ರತಿ ತಪ್ಪಿಗೂ ದಂಡವುಂಟು. "ಬಾಗ್ಲಲ್ಲಿ ಅಗ್ಗ ಅಂತ ಬೋರ್ಡು. ಒಳಕ್ಕೋದ್ರೆ ಕೂತಿದ್ಕೂ ಕಾಸು, ಎದ್ದಿದ್ಕೂ ಕಾಸು" ಎಂದು ಅವರು ಮೂಗು ಮುರಿಯುತ್ತಿದ್ದರು. ಜಪಾನಿನ ಬ್ಯಾಂಕಿನ ಮೇಲೆ ಅವರಿಗೆ ಗೌರವವಿತ್ತು. ಅದು ಸಾರಿನಲ್ಲಿ ಉಪ್ಪು ಕಡಿಮೆಯೆಂದು ಹೇಳಿಯೇ ತೀರುವ, ಆದರೆ ತಟ್ಟೆ ಖಾಲಿ ಮಾಡಿ ಏಳುವ ಅತ್ತೆಯಂಥದು ಎನ್ನುತ್ತಿದ್ದರು. ಹೊಸ ಗಿರಾಕಿ ಬಂದಾಗ ಈಗಿನ ಯಜಮಾನರಾದ ಗುರುಪ್ರಕಾಶ್, ದೊಡ್ಡಮಾದಪ್ಪನವರ ಮಗ, ಯಾವ ಬ್ಯಾಂಕಿನಿಂದ ಪತ್ರ ಬರೆಸಲಿ ಎಂದು ಇವರನ್ನು ಕೇಳಿಯೇ ಮುಂದುವರಿಯುತ್ತಿದ್ದರು. ಇದು ಹೀಗೇ ನಡೆದುಕೊಂಡು ಹೋಗಬಹುದಿತ್ತು.

ಆದರೆ ಹೋದ ವರ್ಷ ಪಿತೃಪಕ್ಷಕ್ಕೆ ಸ್ವಲ್ಪ ಮೊದಲು, ಬೆಂಗಳೂರಿನಲ್ಲಿ ಕಚೇರಿಯಿರುವ ಒಂದು ವಿದೇಶಿ ಬ್ಯಾಂಕಿನ ಅಧಿಕಾರಿಯೊಬ್ಬ ಒಣಹಣ್ಣಿನ ಡಬ್ಬಿ ಹಿಡಿದು ಕಾರ್ಖಾನೆಗೆ ಬಂದ. ಪೈಪೋಟಿ ಎಂಬುದು ಈಗ ನಮ್ಮ ಅಂಗಳಕ್ಕೇ ಬಂದಿತ್ತು. ಎಲ್ಲ ಕಾಗದಗಳನ್ನೂ ಅವರೇ ಬೆಂಗಳೂರಿನಲ್ಲಿ ಕಂಪ್ಯೂಟರಿನಲ್ಲಿ ತಯಾರಿಸುತ್ತಾರಂತೆ, ಕೊಳ್ಳೇಗಾಲದ ಬ್ಯಾಂಕಿಗಿಂತ ಶುಲ್ಕವೂ ಕಡಿಮೆಯಂತೆ, ಈ ಕೋಣೆ, ಈ ಕಡತ, ಈ ಅಡಿಪಟ್ಟಿ ಯಾವುದೂ ಬೇಕಿಲ್ಲವಂತೆ. ಗುರುಪ್ರಕಾಶ್ ಯೋಚಿಸಿ ಹೇಳುತ್ತೇನೆ ಎಂದರು. ಅವರು ಕೆಟ್ಟ ಮನುಷ್ಯರಲ್ಲ. ಕಾಲದೊಡನೆ ಓಡಬೇಕೆಂಬ ಆತುರವುಳ್ಳವರು.

ಅದೇ ಸಮಯಕ್ಕೆ ಚಿಕ್ಕನಿಂಗಮ್ಮನವರು ಒಂದು ತಪ್ಪು ಮಾಡಿದರು. ಜರ್ಮನಿಗೆ ಎರಡು ಕಂಟೇನರ್ ಸಮಾಧಿಕಲ್ಲು ಹೋಗಬೇಕಿತ್ತು. ಶನಿವಾರದೊಳಗೆ ಹಡಗು ಹತ್ತಿರಬೇಕೆಂದು ಅಲ್ಲಿಯ ಬ್ಯಾಂಕಿನ ಪತ್ರದಲ್ಲಿತ್ತು. ಹಡಗು ಗುರುವಾರ. ಕ್ಯಾಲೆಂಡರಿನಲ್ಲಿ ಬುಧವಾರ ಮಹಾಲಯ ಅಮಾವಾಸ್ಯೆ ಎಂದಿದ್ದುದನ್ನು ನೋಡಿ, ಮಂಗಳವಾರ ಸಂಜೆಯೊಳಗೆ ತುಂಬಿಸಿ ಲಾರಿ ಹೊರಡಿಸಿದರಾಯಿತು ಎಂದು ಲೆಕ್ಕ ಹಾಕಿದರು. ಪಂಚಾಂಗ ಬಿಡಿಸಿ ತಿಥಿಯ ಗಳಿಗೆ ನೋಡಲಿಲ್ಲ. ಅಮಾವಾಸ್ಯೆ ಮಂಗಳವಾರ ಮಧ್ಯಾಹ್ನವೇ ಹಿಡಿದುಕೊಂಡಿತ್ತು. ಅರ್ಧ ಪೆಟ್ಟಿಗೆ ಏರಿಸಿದ್ದ ಹಮಾಲರು ಹಗ್ಗ ಕೆಳಗಿಟ್ಟರು. ಅವರೆಲ್ಲ ಹನೂರಿನ ಕಡೆಯವರು, ಮಾದಪ್ಪ ದೇವರ ಒಕ್ಕಲು, ಅಮಾವಾಸ್ಯೆ ಪಾಲಿಸುವವರು. ಅವರ ಮೇಸ್ತ್ರಿ ಚಿಕ್ಕಮಾದಪ್ಪ ಗಾಜಿನ ಬಾಗಿಲಲ್ಲಿ ನಿಂತು ಹೇಳಿದ ಮಾತು ಕೋಣೆಯಲ್ಲಿದ್ದ ನನಗೂ ಕೇಳಿಸಿತು.

"ಅಮಾಸೆ ಬಂದ್ಬುಡ್ತು ಕಣಕ್ಕ. ಬ್ಯಾರೆ ಕಲ್ಲಾಗಿದ್ರೆ ಏನೋ ನೋಡ್ಬೋದಾಗಿತ್ತು. ನಮ್ಮಪ್ಪನ್ಗೆ ಎಡೆ ಇಕ್ಕೋ ಅಮಾಸೇಲಿ ಇನ್ಯಾರ್ದೋ ಸಮಾಧಿಕಲ್ಲ ಎಗಲ ಮ್ಯಾಲೆ ಒರಕಾಯ್ತದಾ?"

ಚಿಕ್ಕನಿಂಗಮ್ಮನವರು ವಾದಿಸಲಿಲ್ಲ. ಗೋಡೆಯ ಕ್ಯಾಲೆಂಡರನ್ನು ಒಂದು ಸಲ ನೋಡಿ, "ಓಗ್ಬನ್ನಿ. ತಪ್ಪು ನಂದು" ಎಂದರು. ಗುರುವಾರ ಬೆಳಿಗ್ಗೆ ಹಮಾಲರು ಬಂದು ತುಂಬಿದರು. ಹಡಗು ಆಗಲೇ ಕೈತಪ್ಪಿತ್ತು. ಮುಂದಿನದು ಸೋಮವಾರ, ಅಂದರೆ ಗಡುವಿಗಿಂತ ಎರಡು ದಿನ ತಡ.

ಇಂಥದಕ್ಕೆಲ್ಲ ಬಂದರಿನಲ್ಲಿ ಒಂದು ಮದ್ದು ಇದೆ ಎಂಬುದು ನನಗೆ ಆಗ ತಿಳಿಯಿತು. ಚೆನ್ನೈನ ಏಜೆಂಟು ಫೋನಿನಲ್ಲಿ ಸಲೀಸಾಗಿ ಹೇಳಿದ: ಹಡಗಿನ ಚೀಟಿಯಲ್ಲಿ ಸೋಮವಾರದ ಬದಲು ಶನಿವಾರದ ತಾರೀಖು ಹಾಕಿಸಿಕೊಡುತ್ತೇನೆ, ಎಲ್ಲರೂ ಮಾಡುವುದೇ. ಗುರುಪ್ರಕಾಶ್ ನಿಟ್ಟುಸಿರು ಬಿಟ್ಟು ಆಗಲಿ ಎಂದರು. ಚಿಕ್ಕನಿಂಗಮ್ಮನವರು ಬೇಡ ಎಂದರು.

"ಎರಡು ದಿನದ ಸುಳ್ಳು ಕಣಮ್ಮ. ಯಾರ ಮನೆ ಮುಳುಗ್ತದೆ?" ಎಂದರು ಯಜಮಾನರು.

"ಆ ಬ್ಯಾಂಕು ಕಲ್ಲ ನೋಡಾಕಿಲ್ಲ, ನಿಮ್ಮ ಮೊಕ ನೋಡಾಕಿಲ್ಲ, ನನ್ನ ಮೊಕ ನೋಡಾಕಿಲ್ಲ. ಪೇಪರೊಂದ ನಂಬ್ಕಂಡು ದುಡ್ಡು ಕೊಡ್ತದೆ. ಪೇಪರ್‌ನಾಗೂ ಸುಳ್ಳು ಬರ್ದ್ಬುಟ್ರೆ ಇನ್ನೇನ ನಂಬದು ಯಜಮಾನ್ರೇ? ಕಂಪ್ನಿ ನಿಮ್ದು. ಬರ್ಸೋದಿದ್ರೆ ಬರ್ಸ್ಕಳಿ. ನಾ ಸೈನ್ ಆಕಲ್ಲ."

ಸಾವಿರ ಸಲ ನಾನು ಉಚ್ಚರಿಸಿದ ಆ ವಾಕ್ಯ ನನ್ನ ಕಿವಿಗೆ ಮೊದಲ ಬಾರಿ ಬಿದ್ದದ್ದು ಆವತ್ತು. ಬ್ಯಾಂಕುಗಳು ಸರಕನ್ನು ನೋಡುವುದಿಲ್ಲ ಎಂಬುದನ್ನು ನಾನು ಒಂದು ಅನುಕೂಲದ ನಿಯಮವೆಂದು ಬೋಧಿಸಿದ್ದೆ; ಮೋಸಗಾರನಿಗೆ ಅದು ಅವಕಾಶವಾಗಿ ಕಾಣುತ್ತದೆ; ಈಕೆಗೆ ಅದು, ಕುರುಡನೊಬ್ಬ ನಮ್ಮ ಕೈ ಹಿಡಿದು ರಸ್ತೆ ದಾಟುತ್ತಿದ್ದಾನೆ ಎಂಬಷ್ಟು ನೇರವಾದ ಜವಾಬ್ದಾರಿಯಾಗಿತ್ತು. ಯಜಮಾನರ ಮುಖ ಕೆಂಪಾಯಿತು. "ಸರಿ. ಸತ್ಯದ ಪೇಪರೇ ಓಗ್ಲಿ. ದುಡ್ಡು ಬರ್ಲಿಲ್ಲ ಅಂದ್ರೆ ದೀಪಾವಳಿಗೆ ಮೂವತ್ತೆಂಟು ಜನಕ್ಕೆ ಸಂಬಳ ಇಲ್ಲ, ನೀನೇ ಹೇಳ್ಬೇಕು ಅವ್ರಿಗೆ. ಈ ಕುರ್ಚೀನೂ ಖಾಲಿ ಮಾಡು" ಎಂದು ಹೊರಟುಹೋದರು. ನನಗೆ ನಿಜವಾಗಿಯೂ ಭಯವಾಯಿತು. ಆಕೆಗೆ ಆಯಿತೋ ಇಲ್ಲವೋ ತಿಳಿಯದು. ಊಟದ ಡಬ್ಬಿಯ ಮುಚ್ಚಳ ಹಾಕಿ, ಉಣ್ಣದೆ, ಅಡಿಪಟ್ಟಿ ಕೈಗೆತ್ತಿಕೊಂಡರು.

ಬ್ಯಾಂಕಿಗೆ ಕಾರಣ ಹೇಳಿ ಪ್ರಯೋಜನವಿಲ್ಲ, ಅದಕ್ಕೆ ಕಿವಿಯಿಲ್ಲ. ಕೊಳ್ಳುವವನು ಒಪ್ಪಿದರೆ ಮಾತ್ರ ಅದು ತಪ್ಪನ್ನು ಮನ್ನಿಸುತ್ತದೆ. ಆದ್ದರಿಂದ ಜರ್ಮನಿಯ ಆ ಕಲ್ಲಿನ ಅಂಗಡಿಯವರಿಗೇ ಬರೆಯುವುದೆಂದು ತೀರ್ಮಾನವಾಯಿತು. ನಾನು ಉತ್ಸಾಹದಿಂದ ಒಂದು ಪತ್ರ ರಚಿಸಿಕೊಟ್ಟೆ. ವಿಷಾದ, ದುರದೃಷ್ಟ, ದೀರ್ಘಕಾಲದ ಮೈತ್ರಿ ಎಲ್ಲವೂ ಅದರಲ್ಲಿದ್ದವು. ಅವರು ಅಡಿಪಟ್ಟಿಯಿಟ್ಟು ಓದಿ, ಕೆಂಪು ಪೆನ್ನಿನಿಂದ ಒಂದೊಂದೇ ಸಾಲನ್ನು ಹೊಡೆದು, ಕೊನೆಗೆ ನಾಲ್ಕೇ ಸಾಲು ಉಳಿಸಿದರು. ನಮ್ಮ ಜನ ಹಿರಿಯರಿಗೆ ಎಡೆಯಿಡುವ ಅಮಾವಾಸ್ಯೆ ಎರಡು ದಿನಕ್ಕೆ ಹಬ್ಬಿದ್ದನ್ನು ನಾನು ನೋಡಲಿಲ್ಲ. ತಪ್ಪು ನನ್ನದು, ಅವರದಲ್ಲ. ಕಲ್ಲು ಸೋಮವಾರದ ಹಡಗಿನಲ್ಲಿದೆ. ಕಾಗದದಲ್ಲಿರುವ ತಾರೀಖು ನಿಜವಾದ ತಾರೀಖು. ಇಷ್ಟೇ. ಕೆಳಗೆ ಸಹಿ, ಹೆಸರು, ಊರು.

ಒಂದು ವಾರದಲ್ಲಿ ಬ್ಯಾಂಕಿನ ತಕರಾರು ಬಂತು, ನಿರೀಕ್ಷೆಯಂತೆ. ಅಂಗಡಿಯವರಿಂದ ಮಾತಿಲ್ಲ. ನಾನು ನಾಚಿಕೆ ಬಿಟ್ಟು ದಿನಾ ಹೋಗಿ ಕೂರುತ್ತಿದ್ದೆ. ಅವರು ಮೇಜಿನ ಖಾನೆಗಳನ್ನು ಒಂದೊಂದಾಗಿ ಖಾಲಿ ಮಾಡುತ್ತ, ತಮ್ಮದನ್ನು ಕೈಚೀಲಕ್ಕೂ ಕಾರ್ಖಾನೆಯದನ್ನು ಕಪಾಟಿಗೂ ಬೇರ್ಪಡಿಸುತ್ತಿದ್ದರು. ಚಿಕ್ಕಮಾದಪ್ಪ ಒಂದು ಸಲ ಬಂದು, ತಾವೆಲ್ಲ ಯಜಮಾನರ ಬಳಿ ಮಾತಾಡುತ್ತೇವೆ, ತಪ್ಪು ತಮ್ಮದೆನ್ನುತ್ತೇವೆ ಎಂದ. "ಅಪ್ಪನ್ಗೆ ಎಡೆ ಇಕ್ಕಿದ್ದು ತಪ್ಪಾ? ಸುಮ್ಕೆ ಓಗ್ಲಾ" ಎಂದು ಗದರಿಸಿ ಕಳಿಸಿದರು. ಹನ್ನೊಂದನೆಯ ದಿನ ಉತ್ತರ ಬಂತು. ತಮ್ಮಲ್ಲೂ ನವೆಂಬರಿನ ಕೊನೆಗೆ ತೀರಿಹೋದವರ ಭಾನುವಾರವೆಂಬುದು ಇದೆ, ಕಲ್ಲುಗಳು ಅದರೊಳಗೆ ನಿಲ್ಲಬೇಕಿತ್ತು, ಎರಡು ದಿನದ ತಡದಿಂದ ಅದಕ್ಕೆ ಅಡ್ಡಿಯಿಲ್ಲ, ಬ್ಯಾಂಕಿಗೆ ಒಪ್ಪಿಗೆ ತಿಳಿಸಿದ್ದೇವೆ ಎಂದಿತ್ತು. ಹಣ ಬಂತು, ತಪ್ಪಿನ ದಂಡವೊಂದನ್ನು ಮುರಿದುಕೊಂಡು. ಸಂಬಳವೂ ಆಯಿತು.

ಕಥೆ ಇಲ್ಲಿಗೆ ಸುಖಾಂತವಾಯಿತೆಂದು ನಾನು ಮನೆಯಲ್ಲಿ ಹೇಳಿ ನಾಲಿಗೆ ಕಚ್ಚಿಕೊಳ್ಳಬೇಕಾಯಿತು. ಗುರುಪ್ರಕಾಶ್ ಹೆದರಿಬಿಟ್ಟಿದ್ದರು. ಒಬ್ಬ ಹೆಂಗಸಿನ ಹಟದ ಮೇಲೆ ಕಾರ್ಖಾನೆಯನ್ನು ನಿಲ್ಲಿಸಲಾಗದು ಎಂದು ಹೊಸ ಬ್ಯಾಂಕಿಗೆ ಸಹಿ ಹಾಕಿಕೊಟ್ಟರು. ಕೊಳ್ಳೇಗಾಲದ ಬ್ಯಾಂಕಿನ ಮ್ಯಾನೇಜರು ಶುಲ್ಕ ಇಳಿಸುತ್ತೇನೆಂದು ಓಡಿಬಂದರೂ ಬೇಳೆ ಬೇಯಲಿಲ್ಲ. ಚಿಕ್ಕನಿಂಗಮ್ಮನವರನ್ನು ಮತ್ತೆ ಅಂಗಳಕ್ಕೆ, ಹಲಗೆಗಲ್ಲುಗಳಿಗೆ ನಂಬರು ಬರೆಯುವ ಕೆಲಸಕ್ಕೆ ಹಾಕಿದರು. ಸಂಬಳ ಅಷ್ಟೇ ಇತ್ತು. ಇಪ್ಪತ್ತನಾಲ್ಕು ವರ್ಷದ ಕುರ್ಚಿಯಿಂದ ಎದ್ದು ಬಿಸಿಲಿಗೆ ಬಂದು ನಿಂತವರ ಮುಖವನ್ನು ನೋಡಲು ನನಗೆ ಸಂಕಟವಾಯಿತು. ಎರಡು ವಾರ ಆ ಕಡೆ ಸುಳಿಯಲಿಲ್ಲ. ಆಮೇಲೆ ಹೋದಾಗ ಬೇಜಾರಾಯಿತೇ ಎಂದು ಕೇಳಿದೆ. "ಆಯ್ತು ಸಾ. ಆಗ್ದೆ ಇರ್ತದಾ" ಎಂದರು. ಬಣ್ಣದ ಕಡ್ಡಿ ಕೆಳಗಿಡಲಿಲ್ಲ.

ಸಂಕ್ರಾಂತಿಯ ಮುಂಚೆ ಜರ್ಮನಿಯಿಂದ ಮತ್ತೊಂದು ದೊಡ್ಡ ಬೇಡಿಕೆ ಬಂತು. ಅಲ್ಲಿಯ ಬ್ಯಾಂಕಿನ ಪತ್ರ ಈ ಸಲ ಬೆಂಗಳೂರಿನ ಹೊಸ ಬ್ಯಾಂಕಿಗೆ ಬಂದಿಳಿಯಿತು. ಎರಡನೆಯ ದಿನವೇ ಆ ಅಧಿಕಾರಿ ಖುದ್ದಾಗಿ ಕಾರಿನಲ್ಲಿ ಬಂದ, ಈ ಸಲ ಒಣಹಣ್ಣಿಲ್ಲದೆ. ಬೇಕಾದ ಕಾಗದಗಳ ಪಟ್ಟಿಯಲ್ಲಿ ಕೊನೆಗೆ ಹೊಸದೊಂದು ಷರತ್ತು ಸೇರಿತ್ತು: ಸರಕಿನ ಎಣಿಕೆಯೂ ರವಾನೆಯ ತಾರೀಖೂ ನಿಜವೆಂದು ಹೊನ್ನೂರಿನ ಶ್ರೀಮತಿ ಚಿಕ್ಕನಿಂಗಮ್ಮನವರು ಸ್ವಹಸ್ತದಿಂದ ಸಹಿ ಮಾಡಿದ ಪ್ರಮಾಣಪತ್ರವಿಲ್ಲದೆ ಹಣ ಪಾವತಿಯಾಗತಕ್ಕದ್ದಲ್ಲ. ಈ ಷರತ್ತನ್ನು ತೆಗೆಸಲು ಅಧಿಕಾರಿ ಪ್ರಯತ್ನಿಸಿದ್ದನಂತೆ. ಅದನ್ನು ಸೇರಿಸಿದ್ದ ಜರ್ಮನಿಯ ಅಂಗಡಿಯವರು ಹಾಗಾದರೆ ಬೇಡಿಕೆಯನ್ನೇ ತೆಗೆಯಿರಿ ಎಂದರಂತೆ. ಯಾರು ಈ ಚಿಕ್ಕನಿಂಗಮ್ಮ, ಡೈರೆಕ್ಟರೇ ಎಂದು ಆತ ಗುರುಪ್ರಕಾಶರನ್ನು ಕೇಳುತ್ತಿದ್ದಾಗ, ಅವರು ಅಂಗಳದ ಕಡೆ ಕೈ ತೋರಿಸಿದರು.

ಅವರನ್ನು ಒಳಗೆ ಕರೆಸಿದರು. ಯಜಮಾನರು ತಾವೇ ಎದ್ದು, ಮೂಲೆಗೆ ಸರಿಸಿದ್ದ ಕುರ್ಚಿಯನ್ನು ಎಳೆದುತಂದು, ದೂಳು ಒರೆಸಿ, "ಕೂತ್ಕೊಳಮ್ಮ" ಎಂದರು. ಚಿಕ್ಕನಿಂಗಮ್ಮನವರು ಕೂತು, ಷರತ್ತನ್ನು ಎರಡು ಸಲ ಓದಿದರು. ಎರಡನೆಯ ಸಲ ಕಣ್ಣನ್ನು ಅಂಗಿಯ ತೋಳಿನಿಂದ ಒತ್ತಿಕೊಂಡರು. ಬಳಿಕ ಕಾಗದವನ್ನು ಮೇಜಿನ ಮೇಲಿಟ್ಟು, "ಇನ್ಮ್ಯಾಕೆ ನಾ ಕಾಯಿಲೆ ಬೀಳಂಗೂ ಇಲ್ಲ ಅಂತ ಆಯ್ತು" ಎಂದರು. ಅಧಿಕಾರಿ ನಕ್ಕ, ಯಜಮಾನರು ನಗಲಿಲ್ಲ. ಅವರು ಕಿಟಕಿಯಾಚೆ ನೋಡುತ್ತ ನಿಂತಿದ್ದರು, ತಂದೆ ನೆನಪಾಗಿದ್ದರೋ ಏನೋ.

ಈಗ ಕೊಳ್ಳೇಗಾಲದ ಬ್ಯಾಂಕೂ ಬೆಂಗಳೂರಿನ ಬ್ಯಾಂಕೂ ಸರದಿಯ ಮೇಲೆ ಆ ಗಾಜಿನ ಕೋಣೆಗೆ ಬಂದುಹೋಗುತ್ತವೆ. ನಾನೂ ಹೋಗುತ್ತೇನೆ, ಕೇಳುವುದು ಇನ್ನೂ ಮುಗಿದಿಲ್ಲ. ಪರದೇಶದಲ್ಲಿ ಬ್ಯಾಂಕುಗಳು ಹೇಗೆ ಬಾಳುತ್ತವೆ, ಒಂದನ್ನೊಂದು ಹೇಗೆ ಹಿಂದಿಕ್ಕುತ್ತವೆ ಎಂಬುದನ್ನು ಕುರಿತು ಶುಲ್ಕ, ವೇಗ, ಶಾಖೆ, ಬಂಡವಾಳ ಎಂದು ನಾನು ಹುಡುಗರಿಗೆ ಬರೆಸಿದ್ದೆಲ್ಲ ಸುಳ್ಳಲ್ಲ, ಆದರೆ ಅದು ಮೇಲಿನ ಹೊಳಪು ಮಾತ್ರ. ನಂಬಿಕೆಯನ್ನು ಬ್ಯಾಂಕುಗಳು ಒಂದು ದಡದಿಂದ ಇನ್ನೊಂದು ದಡಕ್ಕೆ ಸಾಗಿಸುತ್ತವೆ, ಯಾರು ಬೇಗ ಸಾಗಿಸುತ್ತಾರೆಂದು ತಮ್ಮೊಳಗೆ ಜಗ್ಗಾಡುತ್ತವೆ. ಅದನ್ನು ತಯಾರಿಸಲು ಅವಕ್ಕೆ ಬಾರದು. ಅದು ತಯಾರಾಗುವುದು ಎಲ್ಲೋ ಒಂದು ಮೇಜಿನ ಮುಂದೆ, ತನಗೆ ನಷ್ಟವಾಗುವ ತಾರೀಖನ್ನೂ ಸರಿಯಾಗಿ ಬರೆಯುವವರ ಕೈಯಲ್ಲಿ. ಇಂಥವರು ಲೋಕದಲ್ಲಿ ಹೆಚ್ಚಿಲ್ಲ, ಹಾಗೆಂದು ತೀರಾ ಅಪರೂಪವೂ ಅಲ್ಲ. ಪ್ರತಿ ಊರಿನಲ್ಲೂ ಒಬ್ಬರಿಬ್ಬರು ಇರುತ್ತಾರೆ, ಮೊಂಡರು ಎಂದು ಬೈಸಿಕೊಳ್ಳುತ್ತ, ಬಿಸಿಲಿಗೆ ಅಟ್ಟಿಸಿಕೊಳ್ಳುತ್ತ. ಅವರಲ್ಲಿ ಯಾರೋ ಒಬ್ಬರ ಸಹಿಯನ್ನು ಕೇಳಿಕೊಂಡು ಸಮುದ್ರದಾಚೆಯಿಂದ ಒಂದು ಬ್ಯಾಂಕು ಬರುತ್ತದೆ. ಉಳಿದವರ ಬಳಿಗೆ ಯಾರೂ ಬರುವುದಿಲ್ಲ, ಆದರೂ ಅವರು ನಿಜವಾದ ತಾರೀಖನ್ನೇ ಬರೆಯುತ್ತಾರೆ.